ಮೂರನೆಯ ಚೀಟಿ

ನಿಘಂಟು ಕಚೇರಿಯಲ್ಲಿ ಎಲ್ಲರೂ ಅವರನ್ನು ಚೀಟಿ ಮೇಷ್ಟ್ರು ಎಂದೇ ಕರೆಯುತ್ತಿದ್ದರು. ಹಳೆಯ ಪುಸ್ತಕಗಳನ್ನು ಜಾಲಾಡಿ, ಒಂದೊಂದು ಪದದ ಪ್ರಯೋಗವನ್ನೂ ಚೀಟಿಯಲ್ಲಿ ಬರೆದು ಮರದ ಡ್ರಾಯರಿನಲ್ಲಿ ಜೋಡಿಸುವುದು ಅವರ ಕೆಲಸ. ಒಂದು ಅರ್ಥ ಅಚ್ಚಿಗೆ ಹೋಗಬೇಕಾದರೆ ಮೂರು ಪ್ರಯೋಗ ಸಿಗಲೇಬೇಕು. ಅದು ಅಲ್ಲಿನ ಕಟ್ಟಳೆ.

‘ದಾರವ’ ಎಂಬ ಹಳೆಯ ವಿಶೇಷಣದಲ್ಲಿ ಮೇಷ್ಟ್ರು ಸಿಕ್ಕಿಕೊಂಡರು. ‘ಮರದಿಂದ ಮಾಡಿದ’ ಎಂಬ ಅರ್ಥಕ್ಕೆ ದೋಣಿ, ಗೊಂಬೆ, ಸೇತುವೆ ಎಂದು ಬೇಕಾದಷ್ಟು ಪ್ರಯೋಗಗಳಿದ್ದವು. ‘ಅಳಲಾರದ’ ಎಂಬ ಅರ್ಥಕ್ಕೆ ಮಾತ್ರ ಎರಡೇ: ಮಗನನ್ನು ಕಳೆದುಕೊಂಡ ಅರಸನ ಕಣ್ಣು, ಗಂಡ ಬಿಟ್ಟುಹೋದವಳ ಮುಖ.

“ಇನ್ನೊಂದನ್ನ ನೀವೇ ಬರೆದು ಹಾಕಿಬಿಡಿ ಮೇಷ್ಟ್ರೇ, ಯಾರು ನೋಡ್ತಾರೆ?” ಎಂದರು ಸಂಪಾದಕರು.

“ಸುಳ್ಳು ಚೀಟಿ ಬರೆಯೋಕೆ ಈ ಕೈ ಬರಲ್ಲ ಸಾರ್.”

ಜಪ್ಪಯ್ಯ ಅಂದರೂ ಮೇಷ್ಟ್ರು ಜಗ್ಗಲಿಲ್ಲ. ಹನ್ನೊಂದು ವರ್ಷ ನಿಘಂಟಿನ ಆ ಸಂಪುಟ ಅವರಿಗಾಗಿ ಕಾದು ಕೂತಿತು. ಬೇಸತ್ತ ಮೇಲಿನವರು ಕಚೇರಿಯನ್ನೇ ಮುಚ್ಚಿದರು.

ಹಾಳಾದ ಮೂರನೆಯ ಪ್ರಯೋಗ ಸಿಕ್ಕಿದ್ದು ಆ ವಾರವೇ, ಗೆದ್ದಲು ತಿಂದ ಒಂದು ಕಾವ್ಯದಲ್ಲಿ: ಸುಟ್ಟ ಮನೆಯ ಬೂದಿಯ ಮುಂದೆ ಕೂತ ಮುದುಕನ ಎದೆ. ಮೇಷ್ಟ್ರು ಚೀಟಿ ಬರೆದುಕೊಂಡು ಏದುಸಿರು ಬಿಡುತ್ತ ಓಡಿಬಂದರು. ಬಡಗಿಯೊಬ್ಬ ಡ್ರಾಯರುಗಳನ್ನು ಬೋರಲು ಹಾಕಿ ಚೀಟಿಗಳನ್ನೆಲ್ಲ ಗೋಣಿಚೀಲಕ್ಕೆ ಸುರಿಯುತ್ತಿದ್ದ.

“ಮರ ಗಟ್ಟಿಮುಟ್ಟಾಗಿದೆ ಯಜಮಾನ್ರೇ, ಒಳ್ಳೇ ಬೀರು ಆಗತ್ತೆ. ಕೈಯಲ್ಲಿರೋದೂ ಕಸಾನಾ? ಕೊಡಿ ಇಲ್ಲಿ,” ಎಂದು ಅವನು ಚೀಲದ ಬಾಯಿ ಅಗಲಿಸಿದ.

ಮೇಷ್ಟ್ರು ಕೊಟ್ಟರು. ಕಣ್ಣು ಒದ್ದೆಯಾಗಲಿಲ್ಲ.