ಎರಡನೇ ಕ್ಯಾಸೆಟ್

ಮೊನ್ನೆ ಅಟ್ಟದ ಡಬ್ಬಿಯೊಳಗೆ ಕ್ಯಾಸೆಟ್ ಒಂದು ಸಿಕ್ಕಿತು. ಅದರ ಅಂಚಿನ ಎರಡು ತೂತುಗಳಿಗೆ ಅಂಟಿಸಿದ್ದ ಪಟ್ಟಿ ಹಳದಿಯಾಗಿತ್ತು. ಅಂಟಿಸಿದವನು ನಾನೇ. ಹಾಗೆ ತೂತು ಮುಚ್ಚಿದರೆ ಹಳೆಯ ಹಾಡಿನ ಮೇಲೆ ಹೊಸದನ್ನು ತುಂಬಲು ಬರುತ್ತಿತ್ತು. ಕೈಯಲ್ಲಿ ಹಿಡಿದೊಡನೆ ಹುಮನಾಬಾದಿನ ಬ್ಯಾಂಡ್ ಮಾಸ್ತರರು ನೆನಪಾದರು...

ತೊಂಬತ್ತರ ದಶಕದಲ್ಲಿ ಬಸವಕಲ್ಯಾಣದಲ್ಲಿ ನನ್ನದು ಹಾಡು ತುಂಬಿಕೊಡುವ ಅಂಗಡಿ. ಮಾಸ್ತರರು ಲಗ್ನದ ಮೆರವಣಿಗೆಯಲ್ಲಿ ಕ್ಲಾರಿಯೊನೆಟ್ ಊದುವವರು. ಹೊಸ ಹಾಡು ಕಲಿಯಲು ಬಸ್ಸಿನಲ್ಲಿ ಬಂದು ನನ್ನ ಸ್ಟೂಲಿನ ಮೇಲೆ ಕೂರುತ್ತಿದ್ದರು. ಹಾಡನ್ನು ಅವರು ಅಳೆಯುತ್ತಿದ್ದುದು ದಾರಿಯಿಂದ. ಇದು ಗುಡಿಯಿಂದ ಬಸ್ ಸ್ಟ್ಯಾಂಡಿನ ತನಕ ಬರುತ್ತದೆ, ಇದು ಮಂಟಪಕ್ಕೇ ಮುಟ್ಟಿಸುತ್ತದೆ ಎನ್ನುತ್ತಿದ್ದರು. ಆದರೆ ಆಗಲೇ ಅವರಿಗೆ ದಮ್ಮು ಹತ್ತಿತ್ತು. ಸಿನಿಮಾ ಹಾಡು ಅರ್ಧ ದಾರಿಗೆ ಬರುವಷ್ಟರಲ್ಲಿ ಉಸಿರು ಸೋಲುತ್ತಿತ್ತು. ಇನ್ನೊಮ್ಮೆ ಹೀಗಾದರೆ ಬೇರೆಯವರನ್ನು ನೋಡಿಕೊಳ್ಳುತ್ತೇವೆಂದು ತಂಡದವರು ಹೇಳಿಬಿಟ್ಟಿದ್ದರು.

ಮುಂಬೈ ಕಡೆಯ ಲಾರಿ ಡ್ರೈವರೊಬ್ಬ ಹಳೆಯ ಕ್ಯಾಸೆಟ್ಟುಗಳ ಗಂಟೊಂದನ್ನು ನನಗೆ ಕೊಟ್ಟುಹೋಗಿದ್ದ. ಅದರಲ್ಲಿ ಅಮೆರಿಕದ ಪಂಕ್ ರಾಕ್ ತಂಡವೊಂದರ ಆಲ್ಬಮ್ ಇತ್ತು, ಎರಡು ಕ್ಯಾಸೆಟ್ ಸೇರಿ ಒಂದೇ ಆಲ್ಬಮ್. ಅದನ್ನು ಕೇಳಿಯೇ ಎಷ್ಟೋ ತಂಡಗಳು ಹುಟ್ಟಿದವೆಂದು ನನಗೆ ಗೊತ್ತಾದದ್ದು ಬಹಳ ವರ್ಷಗಳ ಮೇಲೆ. ಒಂದು ದಿನ ಮಾಸ್ತರರು ಕೂತಿದ್ದಾಗ ಮೊದಲನೆಯದನ್ನು ತಮಾಷೆಗೆ ಹಾಕಿದೆ. ಬರೀ ಕೂಗಾಟ, ಡ್ರಮ್ಮು. ಹಾಡು ಶುರುವಾಯಿತು ಎನ್ನುವಷ್ಟರಲ್ಲಿ ಮುಗಿದೇ ಹೋಗುತ್ತಿತ್ತು. ನಾನು ನಕ್ಕೆ. ಮಾಸ್ತರರು ನಗಲಿಲ್ಲ.

"ಇವರಿಗೂ ನನ್ನಂಗ ದಮ್ಮು ಅದ ಕಾಣತದ," ಅಂದರು. "ಖರೇ ತಮ್ಮಾ, ಇಷ್ಟಾದ್ರ ನಾ ಊದತೀನಿ."

ಮೂರು ವಾರ ಓಡಾಡಿ, ಆ ಗದ್ದಲದೊಳಗಿಂದ ಎಂಟು ಧಾಟಿ ಹೆಕ್ಕಿಕೊಂಡರು. ಮಂಠಾಳದ ಲಗ್ನದಲ್ಲಿ ಎರಡು ಕರೆಂಟ್ ಕಂಬ ದಾಟುವಷ್ಟರಲ್ಲಿ ಒಂದು ಹಾಡು ಮುಗಿಯುತ್ತಿತ್ತು. ನಡುವೆ ಡೋಲಿನವರು ಬಾರಿಸಿದರು, ಇವರು ಉಸಿರು ಸುಧಾರಿಸಿಕೊಂಡರು. ವರನ ಗೆಳೆಯರು ಹುಚ್ಚೆದ್ದು ಕುಣಿದರು. ಆದರೆ ಎಂಟು ಗಿಡ್ಡ ಹಾಡಿಗೆ ದಾರಿ ತೀರಬೇಕಲ್ಲ? ಮರುದಿನವೇ ಎರಡನೇ ಕ್ಯಾಸೆಟ್ ಕೇಳಲು ಬಂದರು.

ಖಾಲಿ ಕ್ಯಾಸೆಟ್ ಇಲ್ಲವೆಂದು ನಾನು ಅದರ ಮೇಲೆ ಯಾರಿಗೋ ಸೋಬಾನ ಪದ ತುಂಬಿಟ್ಟಿದ್ದೆ. ಆ ಗಿರಾಕಿ ಕೊನೆಗೂ ಒಯ್ಯಲು ಬರಲಿಲ್ಲ, ಅದು ಬೇರೆ ಮಾತು.

"ಎಲ್ಲಾ ಅಳಿಸಿ ಹೋಗ್ಯಾವ್ರಿ ಮಾಸ್ತರ್, ಏನೂ ಉಳದಿಲ್ಲ," ಅಂದೆ.

ಅವರು ಬೈಯಲಿಲ್ಲ. ಬೈದಿದ್ದರೆ ನನಗೆ ಹಗುರಾಗುತ್ತಿತ್ತು. ಇರಲಿ ಬಿಡು ಎಂದು, ಹೆಗಲ ಟವೆಲಿನಿಂದ ಮುಖ ಒರೆಸಿಕೊಂಡು ಬಸ್ಸಿಗೆ ಹೋದರು. ಅದೇ ಎಂಟು ಹಾಡು ಕೇಳಿ ಕೇಳಿ ಜನಕ್ಕೆ ಸಾಕಾಯಿತು. ಮುಂದಿನ ಲಗ್ನದ ಹಂಗಾಮಿಗೆ ಆ ತಂಡದಲ್ಲಿ ಬೇರೆಯವರು ಊದುತ್ತಿದ್ದರು. ಮಾಸ್ತರರು ತೀರಿಕೊಂಡದ್ದು ನನಗೆ ತಿಂಗಳ ಮೇಲೆ ತಿಳಿಯಿತು. ಆಮೇಲೆ ಕ್ಯಾಸೆಟ್ ಕೇಳುವವರೇ ಇಲ್ಲದೆ ನನ್ನ ಅಂಗಡಿಯೂ ಮುಚ್ಚಿತು.

ಈಗ ಅಟ್ಟ ಹತ್ತಿ ಇಳಿದರೆ ನನಗೂ ಉಸಿರು ಸಾಲುವುದಿಲ್ಲ. ಮೊನ್ನೆ ಹಳೆಯ ಟೇಪ್ ರೆಕಾರ್ಡರಿಗೆ ಕ್ಯಾಸೆಟ್ ಹಾಕಿ ಗೋಡೆಗೆ ಒರಗಿದೆ. ಸೋಬಾನ ಪದ ಮುಗಿದವು. ಎದ್ದು ಬಂದ್ ಮಾಡಲು ಬೇಸರವಾಗಿ ಹಾಗೇ ಕೂತಿದ್ದೆ. ಸ್ವಲ್ಪ ಹೊತ್ತು ಸುಮ್ಮನೆ ಸರಸರ ಸದ್ದು... ಆಮೇಲೆ ಅದೇ ಡ್ರಮ್ಮು, ಅದೇ ಕೂಗಾಟ. ಪದಗಳು ಕ್ಯಾಸೆಟ್ಟಿನ ಕೊನೆ ಮುಟ್ಟಿರಲೇ ಇಲ್ಲ. ಅಂದು ನಾನು ಹಾಕಿ ನೋಡದೆಯೇ ಏನೂ ಉಳಿದಿಲ್ಲ ಅಂದುಬಿಟ್ಟಿದ್ದೆ.

ಬೆರಳು ಮಡಿಸಿ ಎಣಿಸಿದೆ. ಐದು ಹಾಡು ಉಳಿದಿದ್ದವು. ಮಾಸ್ತರರ ಅಳತೆಯಲ್ಲಿ ಹತ್ತು ಕಂಬದ ದಾರಿ.