ತಾಟು ಹಿಡಿದ ಟೆಲಿವಿಷನ್ ಕಲಾವಿದ

ಹೋದ ಸೋಮವಾರ ಮುಧೋಳಕ್ಕೆ ಕನ್ಯೆ ನೋಡಲು ಹೋಗಿದ್ದೆವು. ಕನ್ಯೆ ಕುರ್ಚಿಯಲ್ಲಿ ಕೂತಳು. ನಮ್ಮ ವರ ಚಹಾದ ತಾಟು ಹಿಡಿದು ನಿಂತ!

ಗಾಬರಿಯಾಗಬೇಡಿ, ಮೊದಲಿನಿಂದ ಹೇಳುತ್ತೇನೆ.

ವರ ಅಂದರೆ ನನ್ನ ಅಕ್ಕನ ಮಗ ಈರಣ್ಣ. ಬನಹಟ್ಟಿಯ ಮಗ್ಗದ ಮನೆಯವನು. ಮಿಲ್ಲಿನ ಕೆಲಸ ಕಲಿಯಲೆಂದು ವಿಲಾಯತಿಗೆ ಹೋದ. ಕಲಿತದ್ದು ಅಷ್ಟಕ್ಕಷ್ಟೆ. ಆದರೆ ಲಂಡನ್ನಿನ ಟೆಲಿವಿಷನ್ನಿನಲ್ಲಿ ಕಾಣಿಸಿಕೊಂಡು ಬಂದ. (ಟೆಲಿವಿಷನ್ ಅಂದರೆ ಮುಖ ಕಾಣುವ ರೇಡಿಯೋ. ನಮ್ಮ ಮುಂಬಯಿ ರಾಜ್ಯದಲ್ಲಿ ಅದನ್ನು ಕಂಡವರಿಲ್ಲ, ಹೀಗಾಗಿ ವಾದ ಬೇಡ.)

ಅಲ್ಲಿ 'ವೆರೈಟಿ' ಎಂಬ ಆಟವಂತೆ. ಒಬ್ಬ ಹಾಡುತ್ತಾನೆ, ಒಬ್ಬ ನಗಿಸುತ್ತಾನೆ, ಒಬ್ಬ ಟೋಪಿಯಿಂದ ಮೊಲ ತೆಗೆಯುತ್ತಾನೆ. ಇವರ ನಡುವೆ ಸುಮ್ಮನೆ ನಿಲ್ಲುವವರೂ ಇರುತ್ತಾರೆ! ಒಬ್ಬಳು ಮುಂದಿನ ಆಟದ ಬೋರ್ಡು ಹಿಡಿದು ನಗುತ್ತಾಳೆ. ಇನ್ನೊಬ್ಬ ಕುರ್ಚಿ ತಂದಿಟ್ಟು ಹೋಗುತ್ತಾನೆ. ಮಾತಿಲ್ಲ, ಕತೆಯಿಲ್ಲ. ಆದರೂ ಮರುದಿನ ಬಸ್ಸಿನಲ್ಲಿ ಜನ ಗುರುತು ಹಿಡಿದು ಸಹಿ ಕೇಳುತ್ತಾರಂತೆ. ನಮ್ಮ ಈರಣ್ಣ ತಲೆಗೆ ರುಮಾಲು ಸುತ್ತಿಕೊಂಡು ಜಾದೂಗಾರನ ಪಕ್ಕದಲ್ಲಿ ತಾಟು ಹಿಡಿದು ನಿಂತಿದ್ದ.

ಜಮಖಂಡಿಯ ಸಂಬಂಧ ತಪ್ಪಿತ್ತು. ಬೀಳಗಿಯದೂ ತಪ್ಪಿತ್ತು. 'ಹುಡುಗ ವಿಲಾಯತಿಯಲ್ಲಿ ಏನು ಮಾಡಿದ?' ಎಂದರೆ ಏನು ಹೇಳುವುದು? ಇದೂ ತಪ್ಪಿದರೆ ಅಕ್ಕ ಊಟ ಬಿಡುವವಳಿದ್ದಳು. ಅದಕ್ಕೇ ಮುಧೋಳದಲ್ಲಿ ನಾನು ಎದೆಯುಬ್ಬಿಸಿ ಹೇಳಿಬಿಟ್ಟೆ.

"ಹುಡುಗ ಟೆಲಿವಿಷನ್ ಕಲಾವಿದ ಅದಾನ್ರಿ."

"ಹೌದೇನ್ರಿ!" ಕನ್ಯೆಯ ಅಪ್ಪನ ಮುಖ ಅರಳಿತು. "ಹಂಗಾರ ಒಂದೀಟು ಮಾಡಿ ತೋರಸ್ರಿ."

ಅಷ್ಟರಲ್ಲಿ ಕನ್ಯೆ ಶಾಂತಾ ಚಹಾ ತಂದಳು. ತಗ್ಗಿದ ತಲೆ, ತುಟಿಯಲ್ಲಿ ಸಣ್ಣ ನಗು. ಈರಣ್ಣ ಎದ್ದವನೇ ಅವಳ ಕೈಯಿಂದ ತಾಟು ತೆಗೆದುಕೊಂಡ. ನೆಟ್ಟಗೆ ನಿಂತು ನಗತೊಡಗಿದ. ನಾವೆಲ್ಲ ಕಾದೆವು. ಚಹಾ ಆರಿತು.

"ಮುಂದ?" ಎಂದಳು ಶಾಂತಾಳ ಅಜ್ಜಿ.

"ಮುಂದ ಏನಿಲ್ಲರಿ ಆಯಿ. ಇಷ್ಟ."

"ಇದಕ್ಕ ಸಮುದ್ರ ದಾಟಿದೇನೋ ತಮ್ಮಾ? ನಮ್ಮ ಶಾಂತಾ ಬಂದ ಬಂದವರ ಮುಂದ ಇದನ್ನ ಮಾಡಾಕತ್ತಾಳಲ್ಲೋ!"

ಹೋಯಿತು ಸಂಬಂಧ! ನಾನು ಚಪ್ಪಲಿ ಹುಡುಕತೊಡಗಿದೆ.

ಶಾಂತಾ ಮಾತ್ರ ಕುರ್ಚಿ ಎಳೆದುಕೊಂಡು ಕೂತಳು. ತಾಟಿನಿಂದ ಒಂದು ಕಪ್ಪು ಎತ್ತಿಕೊಂಡಳು. ಈರಣ್ಣನನ್ನು ಕೆಳಗಿನಿಂದ ಮೇಲಿನವರೆಗೆ ನೋಡಿದಳು.

"ಅಡಗಿ ಬರ್ತೈತೇನ್ರಿ?"

"ಅನ್ನ ಮಾಡ್ತೇನ್ರಿ. ರೊಟ್ಟಿ ಬಡಿಯಾಕ ಬರೂದಿಲ್ಲ."

"ಒಂದೀಟು ನಡದ ತೋರಸ್ರಿ."

ನಿಜ ಹೇಳುತ್ತೇನೆ, ನಡೆದ! ತಾಟಿನ ಸಮೇತ ಬಾಗಿಲತನಕ ಹೋಗಿ ಬಂದ. ಒಂದು ಹನಿಯೂ ಚೆಲ್ಲಲಿಲ್ಲ. ಅಪ್ಪ ಕಣ್ಣು ಕೆಕ್ಕರಿಸಿದ. ಮಗಳು ಜಗ್ಗಲಿಲ್ಲ.

"ನನಗ ಒಪ್ಪಿಗಿ ಐತಿ ಅಪ್ಪಾ. ಮಂದಿ ಮುಂದ ಹಿಂಗ ನಿಲ್ಲೂದು ಹೆಂಗಿರತೈತಿ ಅಂತ ಗೊತ್ತಿದ್ದ ಗಂಡಸು ಇವರೊಬ್ಬರ."

ಲಗ್ನ ನಿಶ್ಚಯವಾಗಿದೆ. ಅಕ್ಕ ಎರಡು ಹೊತ್ತೂ ಉಣ್ಣುತ್ತಿದ್ದಾಳೆ. ನನಗೇ ಯಾಕೋ ಚಹಾ ಸೇರುತ್ತಿಲ್ಲ. ಎಷ್ಟು ಮನೆಗಳಲ್ಲಿ ಹೀಗೆ ಹಿರಿಯನಾಗಿ ಕೂತು ಕುಡಿದಿದ್ದೇನೋ!

ತಾಟು ಹಿಡಿದು ನಕ್ಕವರ ಹತ್ತಿರ ಲಂಡನ್ನಿನವರು ಸಹಿ ಕೇಳುತ್ತಾರೆ. ನಾವು? ಕಪ್ಪು ಖಾಲಿ ಮಾಡಿ, "ಊರಿಗೆ ಹೋಗಿ ತಿಳಸ್ತೇವ್ರಿ" ಎಂದು ಎದ್ದು ಬರುತ್ತೇವೆ.