ಟೀವಿಗಾಗಿ ಜೋಡಿಸಿದ ಅಡುಗೆಮನೆ

ಟೀವಿ ಧಾರಾವಾಹಿಗಳಿಗೆ ಮನೆ ಜೋಡಿಸಿಕೊಡುವುದು ನನ್ನ ಕಸುಬಾಗಿತ್ತು. ಬಡಗಿಗಳು ಗೋಡೆ ನಿಲ್ಲಿಸಿ ಹೋದ ಮೇಲೆ ಪರದೆ, ಸೋಫಾ, ಫ್ರಿಜ್ಜಿನ ಮೇಲಿನ ಮ್ಯಾಗ್ನೆಟ್ಟು, ಸಿಂಕಿನಲ್ಲಿ ಬಿದ್ದಿರುವ ಎಂಜಲು ಲೋಟ, ಎಲ್ಲವೂ ನನ್ನ ಪಾಲಿಗೆ. ವಲಸೆ ಬಂದ ಈ ದೇಶದಲ್ಲಿ, ಎಟೋಬಿಕೋಕಿನ ಸ್ಟುಡಿಯೋಗಳಲ್ಲಿ, ಪೊಲೀಸ್ ಠಾಣೆ, ಆಸ್ಪತ್ರೆ, ಬಿಳಿಯರ ಮನೆಗಳನ್ನು ಜೋಡಿಸುತ್ತಲೇ ನನ್ನ ಕೂದಲು ನೆರೆಯಿತು. ನಮ್ಮಂಥವರ ಮನೆಯನ್ನು ಯಾರೂ ಕೇಳಿರಲಿಲ್ಲ.

ಕೊನೆಗೊಮ್ಮೆ ಕೇಳಿದರು. ಭಾರತದಿಂದ ಬಂದು ಮಿಸ್ಸಿಸಾಗಾದಲ್ಲಿ ನೆಲೆಸಿದ ಕುಟುಂಬದ ಕಥೆ. ಮೈಮರೆತು ದುಡಿದೆ. ಮೊಸರಿನ ಖಾಲಿ ಡಬ್ಬಿಗಳಿಗೆ ಬೇಳೆ ತುಂಬಿದೆ. ಒಲೆಯ ಹಿಂದಿನ ಗೋಡೆಗೆ, ಜಿಡ್ಡು ಹಿಡಿಯದಂತೆ ನಾವೆಲ್ಲ ಮಾಡುವ ಹಾಗೆ, ಅಲ್ಯೂಮಿನಿಯಂ ಫಾಯಿಲ್ ಅಂಟಿಸಿ, ಅದರ ಮೇಲೆ ಒಗ್ಗರಣೆ ಸಿಡಿದ ಅರಿಸಿನದ ಕಲೆಗಳನ್ನು ಮೂಡಿಸಿದೆ. ಬಾಗಿಲ ಹಿಂದೆ ಚೀಲದೊಳಗೆ ಚೀಲ ತುರುಕಿ ನೇತುಹಾಕಿದೆ. ಮುಗಿದಾಗ ಅಲ್ಲೇ ಕುಕ್ಕರಿಟ್ಟು ಅನ್ನ ಮಾಡೋಣ ಅನ್ನಿಸಿತು.

ನಿರ್ಮಾಪಕಿ ನೋಡಿ ಮೆಚ್ಚಿದಳು. ಆದರೂ ಸಮುದಾಯದವರೊಬ್ಬರ ಸಲಹೆ ಬೇಕೆಂದು ಒಬ್ಬರನ್ನು ಕರೆಸಿದಳು. ಬಂದವರು ನಮ್ಮವರೇ, ಬಹಳ ಹಿಂದೆ ಬೆಂಗಳೂರಿನಿಂದ ಬಂದು ಈಗ ನಿವೃತ್ತರಾಗಿರುವ ಡಾಕ್ಟರು. ಪೋರ್ಟ್ ಕ್ರೆಡಿಟ್ ಬಡಾವಣೆಯ ಅವರ ಮನೆಯಲ್ಲಿ ನಾನು ಎಷ್ಟೋ ಸಲ ಹಬ್ಬದೂಟ ಉಂಡಿದ್ದೆ. ಅವರನ್ನು ಕಂಡು ನಿರಾಳವಾಯಿತು.

ಅವರು ಫಾಯಿಲ್ ಮುಟ್ಟಿ ನೋಡಿದರು. ಮುಖ ಸಣ್ಣದಾಯಿತು.

“ಏನಮ್ಮಾ ಇದು? ಎಲ್ಲಾ ಇಷ್ಟು ಚೀಪಾಗಿ ಕಾಣ್ತಿದೆ. ಜನ ನಮ್ಮನ್ನ ಏನಂದ್ಕೋತಾರೆ?”

“ಡಾಕ್ಟ್ರ, ನಿಮ್ಮನಿ ಅಡಗಿಮನಿನೂ ಹಿಂಗ ಐತಲ್ರಿ,” ಅಂದೆ.

“ಅದು ನಮ್ಮನೆ ಕಣಮ್ಮ. ಇದು ಟೀವಿ.”

ಆಮೇಲೆ ನಿರ್ಮಾಪಕಿಗೆ ಇಂಗ್ಲಿಷಿನಲ್ಲಿ, ಈ ಸೆಟ್ಟು ನಮ್ಮ ಸಂಸ್ಕೃತಿಗೆ ಅವಮಾನ ಎಂದರು. ಅವಳಿಗೆ ಆ ಒಂದು ಪದ ಸಾಕಾಗಿತ್ತು. ಇಂಥ ಅಡುಗೆಮನೆಯಲ್ಲೇ ನಾನು ಮಕ್ಕಳನ್ನು ಬೆಳೆಸಿದ್ದು ಎಂದು ಹೇಳಹೋದೆ. ಅಷ್ಟರಲ್ಲಿ ಇಬ್ಬರೂ ಬೆನ್ನು ತಿರುಗಿಸಿ ನಡೆದಿದ್ದರು.

ಮಾರನೆಯ ದಿನ ನನ್ನ ಕೈಯಿಂದಲೇ ಎಲ್ಲ ಕೀಳಿಸಿದರು. ಕೆತ್ತನೆಯ ಕಂಬ, ರೇಷ್ಮೆಯ ದಿಂಬು, ಸೊಂಡಿಲೆತ್ತಿದ ಹಿತ್ತಾಳೆಯ ಆನೆಗಳು ಬಂದವು. ಆನೆಗಳನ್ನು ನಾನೇ ಒರೆಸಿ ಇಟ್ಟೆ. ಧಾರಾವಾಹಿ ಬಂದಾಗ ಮಗಳು ಸ್ವಲ್ಪ ಹೊತ್ತು ನೋಡಿ, “ಅಮ್ಮಾ, ಹೂ ಲಿವ್ಸ್ ದೇರ್?” ಎಂದು ಕೇಳಿ ಎದ್ದುಹೋದಳು.

ಮುಂದಿನ ಸೀಸನ್ನಿಗೆ ನನಗೆ ಕರೆ ಬರಲಿಲ್ಲ. ಇವಳು ಎದುರುತ್ತರ ಕೊಡುವವಳು ಎಂಬ ಮಾತು ಬೇರೆ ಸ್ಟುಡಿಯೋಗಳಿಗೂ ಮುಟ್ಟಿತ್ತು. ಈಗ ಪಿಕರಿಂಗ್ ಎಂಬ ಊರಿನಲ್ಲಿ ಮಾರಾಟಕ್ಕಿಟ್ಟ ಮನೆಗಳನ್ನು ಸಿಂಗರಿಸುತ್ತೇನೆ. ಮೊದಲು ಮನೆಯವರ ಫೋಟೋಗಳನ್ನು ಅಡಗಿಸಬೇಕು. ಯಾರ ಮನೆಯೆಂದು ಗೊತ್ತಾಗದಿದ್ದರೆ ಬೇಗ ಬಿಕರಿಯಾಗುತ್ತದಂತೆ.

ಈ ಯುಗಾದಿಯ ಊಟದಲ್ಲಿ ಡಾಕ್ಟರು ಪಕ್ಕದಲ್ಲಿ ಬಂದು ಕೂತರು.

“ಈಗ ಯಾವ ಸೀರಿಯಲ್ ಮಾಡ್ತಿದ್ದೀಯಮ್ಮಾ?”

“ಯಾವುದೂ ಇಲ್ರಿ.”

“ಯಾಕಮ್ಮಾ? ಆ ಮನೆ ಅಷ್ಟು ಚೆನ್ನಾಗಿ ಬಂದಿತ್ತಲ್ಲ.”

ಅವರ ದನಿಯಲ್ಲಿ ನಿಜವಾದ ಕನಿಕರವಿತ್ತು. ಆ ಕನಿಕರವನ್ನು ಮಾತ್ರ ನನ್ನಿಂದ ಕ್ಷಮಿಸಲಾಗಿಲ್ಲ.